ಅತ್ತೆ ಕೂತರೆ ನಿಲ್ಲುವ ಗಾಡಿ

ಸಫೋತು, ಸವಾಯಿ ದ್ವೀಪ
ಭಾನುವಾರ, 24 ಆಗಸ್ಟ್ 2014

ನನ್ನ ಪ್ರೀತಿಯ ಪೋವಾಸಾ,

ಹೇಗಿದ್ದೀ? ನ್ಯೂಜಿಲೆಂಡಿನ ಚಳಿಗೆ ಬೆಳಿಗ್ಗೆ ಕತ್ತರಿ ಹಿಡಿದರೆ ಬೆರಳೇ ಮಡಚುವುದಿಲ್ಲ ಎಂದಿದ್ದೆಯಲ್ಲ, ಈಗ ಪರವಾಗಿಲ್ಲವೆ? ಚರ್ಚಿನ ಹೆಂಗಸರು ಕೊಟ್ಟ ಉಣ್ಣೆಯ ಟೋಪಿ ಹಾಕಿಕೊಳ್ಳುತ್ತಿದ್ದೀ ತಾನೆ? ಚೆನ್ನಾಗಿ ಕಾಣುವುದಿಲ್ಲ ಎಂದು ಬಿಚ್ಚಿಡಬೇಡ, ಸೇಬಿನ ಗಿಡಗಳೇನು ನಿನ್ನ ಮುಖ ನೋಡುತ್ತ ಕೂತಿರುವುದಿಲ್ಲ. ಹೊಟ್ಟೆ ತುಂಬ ತಿನ್ನು. ಇಲ್ಲಿ ನಾವೆಲ್ಲ ಚೆನ್ನಾಗಿದ್ದೇವೆ. ಇವತ್ತು ಚರ್ಚು ಮುಗಿಸಿ, ಬಿಸಿ ಕಲ್ಲಿನ ಒಲೆಯಲ್ಲಿ ಬೇಯಿಸಿದ್ದನ್ನೆಲ್ಲ ಉಂಡು, ಮನೆ ತುಂಬ ಜನ ಉದ್ದಕ್ಕೆ ಮಲಗಿದ್ದಾರೆ. ನಿನ್ನ ಪಾಲಿನ ಕೆಸುವಿನ ಗೆಡ್ಡೆಯನ್ನು, ತೆಂಗಿನ ಹಾಲಿನಲ್ಲಿ ಬೆಂದ ಎಲೆಯನ್ನು ನಾನೇ ತಿಂದೆ. ನಿನ್ನ ನೆನಪಾಗಿಯೇ ತಿಂದೆ, ನಂಬು.

ಫೋನು ಇರುವಾಗ ಕಾಗದ ಯಾಕೆ ಎಂದು ನೀನು ಕೇಳುತ್ತೀಯ. ಅಮ್ಮನ ಕಣ್ಣಿನ ಆಪರೇಷನ್ ಏನಾಯಿತು ಎಂದು ನೀನು ಫೋನಿನಲ್ಲಿ ಕೇಳಿದಾಗಲೆಲ್ಲ ನಾನು ಕೆಮ್ಮಿದೆನಲ್ಲ, ಅದು ಕೆಮ್ಮಲ್ಲ ಮಾರಾಯ. ನಿನ್ನಮ್ಮ ನನ್ನ ಪಕ್ಕದಲ್ಲಿ ಕೂತು, ನನ್ನ ತೊಡೆಯ ಮೇಲೆ ಕೈಯಿಟ್ಟುಕೊಂಡು, ನಾನು ಬಾಯಿ ತೆರೆದರೆ ಜಿಗುಟುತ್ತಿದ್ದರು. ನೀಲಿಗಟ್ಟಿದ ಗುರುತು ಇನ್ನೂ ಇದೆ. ಯಾಕೆ ಜಿಗುಟಿದರು ಎನ್ನುವುದನ್ನು ಮುಂದೆ ಬರೆಯುತ್ತೇನೆ. ನಿನ್ನ ಚಿಕ್ಕಪ್ಪನ ಮಗ ಕಪೇನಿಯ ತಮ್ಮ ನಾಳೆ ಬೆಳಗಿನ ಹಡಗಿಗೆ ಹೊರಟು ನಿಮ್ಮ ತೋಟಕ್ಕೇ ಕೆಲಸಕ್ಕೆ ಬರುತ್ತಿದ್ದಾನೆ, ಅವನ ಕೈಯಲ್ಲಿ ಇದನ್ನು ಕೊಡುತ್ತಿದ್ದೇನೆ. ಇನ್ನೊಂದು ವಿಷಯ. ಕೂಡಿಟ್ಟ ಸಂಬಳದಲ್ಲಿ ಬಲಗಡೆ ಸ್ಟಿಯರಿಂಗ್ ಇರುವ ಗಾಡಿ ತರುತ್ತೇನೆ, ಅಪ್ಪನ ಡಬ್ಬವನ್ನು ಗುಜರಿಗೆ ಹಾಕೋಣ ಎಂದು ಕುಣಿಯುತ್ತಿದ್ದೀಯಲ್ಲ, ಈ ಕಾಗದ ಮುಗಿಯುವವರೆಗೆ ಸ್ವಲ್ಪ ಕುಣಿತ ನಿಲ್ಲಿಸು.

ನೀನು ಹೋದಮೇಲೆ ಅತ್ತೆಯ ಕಣ್ಣು ತೀರಾ ಕೆಟ್ಟಿತು. ಕೋಕೋ ಬಗ್ಗಿಸುವಾಗ ಲೋಟ ತುಂಬಿದ್ದು ಶಬ್ದದಿಂದಲೇ ಗೊತ್ತಾಗಬೇಕಿತ್ತು. ಒಂದು ದಿನ ಅಂಗಳದಲ್ಲಿ ನಿಂತು "ಏನೋ, ಊಟದ ಹೊತ್ತಿಗೆ ಸರಿಯಾಗಿ ಬಂದು ನಿಂತ್ಕೋತೀಯಲ್ಲ, ನಾಚಿಕೆ ಆಗಲ್ವೇನೋ ನಿಂಗೆ?" ಎಂದು ಬೈಯುತ್ತಿದ್ದರು. ಓಡಿ ಬಂದು ನೋಡಿದರೆ ಎದುರಿಗಿದ್ದದ್ದು ನೀರಿನ ಟ್ಯಾಂಕು. ಕಪೇನಿ ಎಂದುಕೊಂಡಿದ್ದರಂತೆ. ಕಪೇನಿಯ ಹೊಟ್ಟೆ ನೆನೆಸಿಕೊಂಡರೆ ಅವರದೇನೂ ತಪ್ಪಿಲ್ಲ. ನಾವೆಲ್ಲ ನಕ್ಕೆವು, ಅವರೂ ನಕ್ಕರು. ಆದರೆ ಆಸ್ಪತ್ರೆಯ ನರ್ಸು ಬಂದು ನೋಡಿದಾಗ ನಗಲಿಲ್ಲ. ಹೊರದೇಶದ ಕಣ್ಣಿನ ಡಾಕ್ಟರುಗಳು ವರ್ಷಕ್ಕೆ ಒಂದೇ ಸಲ, ಒಂದೇ ವಾರ ಬರುವುದು. ಈ ಸಲ ಬಿಟ್ಟರೆ ಬಲಗಣ್ಣಿನ ಆಸೆ ಬಿಟ್ಟುಬಿಡಿ ಎಂದಳು.

ಅತ್ತೆ ಒಪ್ಪಿದರು. ಒಪ್ಪಿದ್ದು ಬಾಯಲ್ಲಿ ಮಾತ್ರ. ಆಪರೇಷನ್ನಿಗೆ ಮುಂಚಿನ ಪರೀಕ್ಷೆಗೆ ಕರೆದುಕೊಂಡು ಹೋಗಲು ಮಾವನ ಗಾಡಿ ತೆಗೆದೆ. ಮಾವ ತೀರಿಕೊಂಡ ಮೇಲೆ ಅತ್ತೆ ಅದನ್ನು ಹತ್ತಿಯೇ ಇರಲಿಲ್ಲ. ಹತ್ತಿದವರು ಕಿಟಕಿಯಿಂದ ಕೈ ಹೊರಗೆ ಚಾಚಿ, "ನಿನ್ನ ಮಾವ ಓಡಿಸ್ತಿದ್ದ ಹಾಗೆ ಓಡ್ಸು" ಎಂದರು. ನಾನು ಸ್ವಲ್ಪ ಕಾಲು ಒತ್ತಿದರೆ ಬೆರಳಿಗೆ ಗಾಳಿ ಜೋರಾಗಿ ಬಡಿಯುತ್ತದಲ್ಲ, ತಕ್ಷಣ ಬಾಗಿಲಿಗೆ ಪಟಪಟ ಹೊಡೆಯುತ್ತಿದ್ದರು. ಕಣ್ಣು ಕಾಣದಿದ್ದರೇನು, ಪೊಲೀಸರಿಗಿಂತ ಕಷ್ಟ. ಹಾಗೆ ತೆವಳುತ್ತ ಹಳ್ಳಿಯ ರಸ್ತೆಯುಬ್ಬುಗಳನ್ನೆಲ್ಲ ದಾಟಿ, ದೀವಿಹಲಸಿನ ಮರದ ತಿರುವಿಗೆ ಬಂದೆವು. ಗಾಡಿ ಒಂದು ಸಲ ಮುಗ್ಗರಿಸಿತು, ಬಿಕ್ಕಿತು, ಮೈಯೆಲ್ಲ ಕೊಡವಿಕೊಂಡು ನಿಂತುಬಿಟ್ಟಿತು. ಅತ್ತೆಯ ಮುಖ ನೋಡಬೇಕಿತ್ತು ನೀನು. ಲಾಟರಿ ಹೊಡೆದವರ ಹಾಗೆ ಅರಳಿತ್ತು. "ನೋಡಿದ್ಯಾ? ಅವರಿಗೆ ಇಷ್ಟ ಇಲ್ಲ ಕಣೇ. ನನ್ನ ಕಣ್ಣಿಗೆ ಯಾರೋ ಚಾಕು ಹಾಕೋದು ಅವರಿಗೆ ಇಷ್ಟ ಇಲ್ಲ. ತಿರುಗ್ಸು ಗಾಡಿ." ತಿರುಗಿಸಿ ಜೋರಾಗಿ ಒತ್ತಿದರೆ, ಏನೂ ಆಗದ ಹಾಗೆ ಮನೆಗೆ ಓಡಿಬಂತು!

ಮುಂದಿನ ವಾರ ಮತ್ತೆ ಹೊರಟೆವು. ಅದೇ ತಿರುವು, ಅದೇ ಬಿಕ್ಕಳಿಕೆ. ಬಸ್ಸಿನಲ್ಲಿ ಹೋಗೋಣ ಬನ್ನಿ ಎಂದರೆ, "ನಿನ್ನ ಮಾವನ ಗಾಡಿ ಮನೆ ಮುಂದೆ ಇರೋವಾಗ ನಾನು ಬಸ್ ಹತ್ತಿದ್ರೆ ಜನ ಏನಂತಾರೆ?" ಎನ್ನುತ್ತಾರೆ. ನಿನ್ನ ದೊಡ್ಡಮ್ಮ ಚಿಕ್ಕಮ್ಮಂದಿರಿಗಂತೂ ಹಬ್ಬ. ಚಾಪೆ ಹೆಣೆಯುತ್ತ ಕೂತು, ಇಯೋಪು ಬದುಕಿದ್ದಾಗಲೂ ಹಟಮಾರಿಯೇ, ಸತ್ತ ಮೇಲೆ ಬಿಡುತ್ತಾನೆಯೇ ಎಂದು ಮಾವನನ್ನು ಹೊಗಳಿದ್ದೇ ಹೊಗಳಿದ್ದು. ಅತ್ತೆಗೆ ಭಯ ಎಂದು ನನಗೆ ಗೊತ್ತು. ಆದರೆ ಭಯವನ್ನು ಒಪ್ಪಿಸಬಹುದು, ಸತ್ತ ಮಾವನನ್ನು ಹೇಗೆ ಒಪ್ಪಿಸುವುದು ಹೇಳು?

ಕಪೇನಿಯನ್ನು ಕರೆದೆ. ನಿನ್ನ ಚಿಕ್ಕಪ್ಪನ ಮಗ ಊರಿಗೊಬ್ಬನೇ ಮೆಕ್ಯಾನಿಕ್ಕು ಎಂಬ ಜಂಬದಲ್ಲಿ ಬಂದು, ಪ್ಲಗ್ಗು ಬಿಚ್ಚಿ ಉಜ್ಜಿದ, ಪೆಟ್ರೋಲ್ ಫಿಲ್ಟರ್ ಬದಲಾಯಿಸಿದ, ನಾಲ್ಕು ತಟ್ಟೆ ಅನ್ನ ಉಂಡ. ಆಮೇಲೆ ಧೂಳೆಬ್ಬಿಸಿಕೊಂಡು ಊರ ತುದಿಯವರೆಗೆ ಹೋಗಿಬಂದು, "ಅತ್ತಿಗೆ, ಗಾಡಿಗೆ ಏನೂ ಆಗಿಲ್ಲ. ನಿಮ್ಮತ್ತೆಗೇ ಏನೋ ಆಗಿದೆ" ಎಂದ. ಪಾದ್ರಿಗಳು ಬಂದು ಬಾನೆಟ್ಟಿನ ಮೇಲೆ ಕೈಯಿಟ್ಟು ಪ್ರಾರ್ಥನೆ ಮಾಡಿ, ತಾವೇ ಓಡಿಸಿ ನೋಡಿದರು. ಆಕ್ಸಿಲರೇಟರ್ ಮೇಲೆ ಅವರ ಕಾಲು ಎಷ್ಟು ಭಾರ ಎಂದು ನಿನಗೆ ಗೊತ್ತೇ ಇದೆ. ಗಾಡಿ ಹಕ್ಕಿಯ ಹಾಗೆ ಹಾರಿತು. ಪ್ರಾರ್ಥನೆ ಫಲಿಸಿತು ಎಂದು ಎಲ್ಲರೂ ಸೇರಿ ಅತ್ತೆಯನ್ನು ನನ್ನ ಪಕ್ಕ ಕೂರಿಸಿ ಕಳಿಸಿದರು. ದೀವಿಹಲಸಿನ ಮರದ ಹತ್ತಿರ ನಿಂತಿತು. ಆಮೇಲೆ ಊರಲ್ಲಿ ಯಾರಿಗೂ ಅನುಮಾನ ಉಳಿಯಲಿಲ್ಲ. ನನಗೇ ಒಂದು ಸಂಜೆ ಮಾವನ ಸಮಾಧಿ ದಾಟುವಾಗ ಮೈ ಜುಮ್ಮೆಂದಿತು, ಸುಳ್ಳು ಯಾಕೆ ಹೇಳಲಿ.

ಆಮೇಲೆ ಆದದ್ದನ್ನು ಪಾದ್ರಿಗಳಿಗೆ ಹೇಳಬೇಡ. ಡಾಕ್ಟರುಗಳು ಬಂದಿಳಿಯುವ ದಿನ ಹತ್ತಿರವಾಗಿತ್ತು. ನಾನು ಒಬ್ಬಳೇ ಪೇಟೆಗೆ ಹೋಗಿ ಬರುತ್ತಿದ್ದೆ. ನನ್ನ ಮುಂದೆ ಒಂದು ಸಾವಿನ ಮನೆಗೆ ಹೊರಟ ಟ್ರಕ್ಕು, ಮೇಲೆ ಚಾಪೆಗಳು, ಹಂದಿಗಳು, ಹಾಡುತ್ತಿರುವ ಹೆಂಗಸರು. ಅದನ್ನು ಹಿಂದಿಕ್ಕಿ ಹೋಗುವುದುಂಟೆ? ಹಿಂದೆ ಹಿಂದೆಯೇ ತೆವಳಿದೆ. ಸ್ವಲ್ಪ ದೂರ ಹೋಗುವಷ್ಟರಲ್ಲಿ ಗಾಡಿ ಮುಗ್ಗರಿಸಿತು, ಬಿಕ್ಕಿತು, ನಿಂತಿತು. ನಾನು ಪಕ್ಕದ ಸೀಟು ನೋಡಿದೆ. ಅತ್ತೆ ಇಲ್ಲ! ಒಂದು ಗೋಣಿ ಈರುಳ್ಳಿ ಇತ್ತು, ಅಷ್ಟೆ. ಪೋವಾಸಾ, ನಾನು ಜೋರಾಗಿ ನಕ್ಕುಬಿಟ್ಟೆ. ಟ್ರಕ್ಕಿನ ಮೇಲಿದ್ದ ಹೆಂಗಸರು ಹಾಡು ನಿಲ್ಲಿಸಿ ನನ್ನನ್ನು ದುರುಗುಟ್ಟಿ ನೋಡಿದರು. ಸತ್ತವರ ಮೆರವಣಿಗೆಯ ಹಿಂದೆ ಹೊಟ್ಟೆ ಹಿಡಿದುಕೊಂಡು ನಗುತ್ತಿರುವ ಹೆಂಗಸು ಯಾರು ಎಂದು ಆ ಊರಲ್ಲಿ ಇನ್ನೂ ಕೇಳುತ್ತಿರಬಹುದು. ನಗದೆ ಏನು ಮಾಡಲಿ? ಗಾಡಿ ನಿಲ್ಲುತ್ತಿದ್ದದ್ದು ಅತ್ತೆ ಕೂತರೆ ಅಲ್ಲ, ಅತ್ತೆ ಕೇಳಿದ ಹಾಗೆ ಓಡಿಸಿದರೆ. ಆ ಒಂದು ವೇಗ, ಕಾಲು ಅಷ್ಟೇ ಅಷ್ಟು ಒತ್ತಿದ ಆ ಒಂದು ಜಾಗ. ಅತ್ತೆ ಇಲ್ಲದಾಗ ನಾನು, ಕಪೇನಿ, ಪಾದ್ರಿಗಳು ಎಲ್ಲ ಜೋರಾಗಿ ಒತ್ತಿ ಆ ಜಾಗ ದಾಟಿಯೇ ಹೋಗುತ್ತಿದ್ದೆವು. ಅತ್ತೆ ಇದ್ದಾಗ ಉಬ್ಬುಗಳೆಲ್ಲ ಮುಗಿದು ಕಾಲು ಆ ಜಾಗದಲ್ಲಿ ನಿಲ್ಲುತ್ತಿದ್ದದ್ದು ದೀವಿಹಲಸಿನ ತಿರುವಿನಲ್ಲೇ.

ಮನೆಗೆ ಬಂದವಳೇ ನಿನ್ನ ರಿಪೇರಿ ಸಾಮಾನಿನ ಪೆಟ್ಟಿಗೆ ತೆಗೆದೆ. ಹೌದು, ಮುಟ್ಟಬೇಡ ಎಂದಿದ್ದ ಪೆಟ್ಟಿಗೆಯನ್ನೇ, ಏನೀಗ? ಚರ್ಚಿನ ಸ್ಪೀಕರ್ ರಿಪೇರಿ ಮಾಡುವಾಗಲೆಲ್ಲ ಬ್ಯಾಟರಿ ಹಿಡಿದುಕೊಂಡು ನಿಂತವಳು ನಾನು. ಮದುವೆಗೆ ಮುಂಚೆ ನನ್ನನ್ನು ಮೆಚ್ಚಿಸಬೇಕೆಂದು ಗಾಡಿಯ ಬಾನೆಟ್ಟು ಎತ್ತಿ ಪಾಠ ಹೇಳಿದ್ದೆ, ನೆನಪಿದೆಯೇ? ಬೇರೆ ಹುಡುಗರು ಹೂವು ಕೊಡುತ್ತಿದ್ದರು. ಆಕ್ಸಿಲರೇಟರ್ ಒತ್ತಿದರೆ ಒಳಗೆ ಗಾಳಿಯ ಮುಚ್ಚಳ ತಿರುಗುತ್ತದೆ, ಎಷ್ಟು ತಿರುಗಿತು ಎಂದು ಇಂಜಿನ್ನಿನ ತಲೆಗೆ ಹೇಳುವುದು ಪಕ್ಕದಲ್ಲಿರುವ ಈ ಸಣ್ಣ ಕಪ್ಪು ಡಬ್ಬಿ, ಥ್ರಾಟಲ್ ಸೆನ್ಸರ್ ಎಂದಿದ್ದೆ. ಆಗ ನಾನು ನಿನ್ನ ತೋಳು ನೋಡುತ್ತಿದ್ದೆ, ಆದರೂ ಕಿವಿ ಕೆಲಸ ಮಾಡುತ್ತಿತ್ತು.

ಇಂಜಿನ್ ಸ್ಟಾರ್ಟ್ ಮಾಡದೆ ಬರೀ ಕೀಲಿ ತಿರುಗಿಸಿ, ನಿನ್ನ ಮುಳ್ಳಿನ ಮೀಟರು ಆ ಡಬ್ಬಿಯ ತಂತಿಗೆ ಹಚ್ಚಿ ಕಪೇನಿಯ ಕೈಯಲ್ಲಿ ಕೊಟ್ಟೆ. ಮುಚ್ಚಳವನ್ನು ಕೈಯಿಂದ ನಿಧಾನವಾಗಿ ತಿರುಗಿಸಿದೆ. ಮುಳ್ಳು ಮೆಲ್ಲಗೆ ಮೇಲೆ ಹತ್ತಿತು, ಸ್ವಲ್ಪ ಹತ್ತಿ, ಇದ್ದಕ್ಕಿದ್ದಂತೆ ಪಟಕ್ಕನೆ ಸೊನ್ನೆಗೆ ಬಿತ್ತು. ಇನ್ನೊಂದು ಕೂದಲೆಳೆಯಷ್ಟು ತಿರುಗಿಸಿದರೆ ಮತ್ತೆ ಎದ್ದು ಕೊನೆಯವರೆಗೆ ಸಲೀಸಾಗಿ ಹತ್ತಿತು. ಕಪೇನಿ "ಮೀಟರ್ ಕೆಟ್ಟಿದೆ" ಎಂದ. ಮತ್ತೆ ಮಾಡಿದೆ, ಅದೇ ಜಾಗದಲ್ಲಿ ಬಿತ್ತು. "ತಂತಿ ಸರಿಯಾಗಿ ಕೂತಿಲ್ಲ" ಎಂದ. ತಂತಿ ಒತ್ತಿ ಹಿಡಿದು ಮತ್ತೆ ಮಾಡಿದೆ, ಅಲ್ಲೇ ಬಿತ್ತು. ಆಮೇಲೆ ಅವನು ತಲೆ ಕೆರೆದುಕೊಂಡು, "ನಾನು ಮೊದಲೇ ಅಂದ್ಕೊಂಡಿದ್ದೆ ಅತ್ತಿಗೆ" ಎಂದ. ಬಾನೆಟ್ಟು ಅವನ ತಲೆಯ ಮೇಲೆ ಬಿಡಬೇಕು ಅನ್ನಿಸಿತು. ಆದರೆ ಒಂದು ಮಾತು ಮಾತ್ರ ಸರಿಯಾಗಿ ಹೇಳಿದ. ಆ ಡಬ್ಬಿಯ ಒಳಗೆ ಒಂದು ಸಣ್ಣ ಮುಳ್ಳು ಕಪ್ಪು ಪಟ್ಟಿಯ ಮೇಲೆ ಜಾರುತ್ತಿರುತ್ತದಂತೆ, ಎಲ್ಲಿ ಹೆಚ್ಚು ಹೊತ್ತು ನಿಂತು ಉಜ್ಜುತ್ತದೋ ಅಲ್ಲಿ ಪಟ್ಟಿ ಸವೆಯುತ್ತದಂತೆ.

ಅಂಥದೇ ಇನ್ನೊಂದು ಡಬ್ಬಿ ಇದ್ದದ್ದು ಪಾದ್ರಿಗಳ ಹಿತ್ತಲಲ್ಲಿ ಕೊಳೆಯುತ್ತಿರುವ ಹಳೆಯ ಗಾಡಿಯಲ್ಲಿ. ದೇಶದ ಗಾಡಿಗಳೆಲ್ಲ ರಸ್ತೆಯ ಬಲದಿಂದ ಎಡಕ್ಕೆ ಬಂದ ವರ್ಷ ಎಸೆದರಲ್ಲ, ಅದೇ. ಅದರ ಇಂಜಿನ್ನಿನ ಮೇಲೆ ಪಾದ್ರಿಗಳ ಹೆಂಡತಿಯ ಕೋಳಿ ಕಾವಿಗೆ ಕೂತಿತ್ತು. ಮರಿ ಆಗಲಿ, ಆಮೇಲೆ ಬನ್ನಿ ಎಂದರು ಆ ತಾಯಿ. ಕೋಳಿ ಮರಿ ಮಾಡುವಷ್ಟರಲ್ಲಿ ಡಾಕ್ಟರುಗಳು ವಿಮಾನ ಹತ್ತಿರುತ್ತಾರೆ! ಕೊನೆಗೆ ನಾನು ಕೋಳಿಯ ತಲೆಯ ಮೇಲೆ ಬಟ್ಟೆ ಹಿಡಿದೆ, ಕಪೇನಿ ಹೊಟ್ಟೆಯಡಿ ಕೈ ಹಾಕಿ ತಿರುಪು ಬಿಚ್ಚಿದ. ಕೋಳಿ ಬಟ್ಟೆಯೊಳಗಿಂದಲೇ ಅವನ ಮೊಣಕೈ ಹುಡುಕಿ ಹುಡುಕಿ ಕುಕ್ಕಿತು. ತಂದ ಡಬ್ಬಿಯನ್ನು ಹಾಕುವ ಮೊದಲು ಮೀಟರಿಗೆ ಹಚ್ಚಿ ನೋಡಿದೆ. ಮುಳ್ಳು ಎಲ್ಲೂ ಬೀಳದೆ ಮೇಲಿನವರೆಗೆ ಹತ್ತಿತು. ನನ್ನ ಸಂತೋಷಕ್ಕೆ ಕಪೇನಿಯ ಬೆನ್ನಿಗೆ ಗುದ್ದಿದೆ.

ಅತ್ತೆಯನ್ನು ಕೂರಿಸಿಕೊಂಡು ಹೊರಟೆ. ಡಬ್ಬಿ ಬದಲಾಯಿಸಿದ್ದನ್ನು ಅವರಿಗೆ ಹೇಳಲಿಲ್ಲ. ಅವರು ಕೈ ಚಾಚಿದರು, ಮಾವನ ವೇಗದಲ್ಲೇ ಓಡಿಸಿದೆ. ದೀವಿಹಲಸಿನ ಮರ ಬಂತು, ಹೋಯಿತು. ಗಾಡಿ ತುಟಿ ಪಿಟಕ್ಕೆನ್ನಲಿಲ್ಲ. ನಾನು ಗೆದ್ದೆ ಎಂದು ಹಲ್ಲು ಕಿರಿಯುತ್ತ ತಿರುಗಿದೆ. ಅತ್ತೆ ಕೈ ಒಳಗೆಳೆದುಕೊಂಡು ಮಡಿಲಲ್ಲಿ ಇಟ್ಟುಕೊಂಡಿದ್ದರು. "ನಿಲ್ಲಲಿಲ್ಲ" ಎಂದರು. ಮನೆಗೆ ಬಂದವರೇ ಗೋಡೆಯ ಕಡೆ ಮುಖ ಮಾಡಿ ಮಲಗಿದರು. ಊಟ ಬೇಡ, ಕೋಕೋ ಬೇಡ. ಪಕ್ಕದಲ್ಲಿ ಕೂತು ಕಾಲು ಒತ್ತಿದೆ. ಗೋಡೆಗೇ ಹೇಳುವ ಹಾಗೆ, "ಸಮಾಧಿ ಬರೀ ಕೇಳಿಸ್ಕೊಳ್ಳುತ್ತೆ ಕಣೇ. ಗಾಡಿ ಉತ್ತರ ಕೊಡ್ತಿತ್ತು" ಎಂದರು. ನನಗೆ ಅಳು ಬಂತು. ಆಸ್ಪತ್ರೆ ತಪ್ಪಿಸಿಕೊಳ್ಳಲು ಆಡುವ ನಾಟಕ ಎಂದುಕೊಂಡಿದ್ದೆನಲ್ಲ, ಎಂಥ ದಡ್ಡಿ ನಾನು. ಅವರಿಗೆ ಆ ತಿರುವಿನಲ್ಲಿ ಗಂಡ ಸಿಗುತ್ತಿದ್ದ. ನಾನು ಹೋಗಿ ಅದನ್ನೇ ರಿಪೇರಿ ಮಾಡಿದ್ದೆ.

ಹಳೆಯ ಡಬ್ಬಿ ತಂದು ಅವರ ಕೈಯಲ್ಲಿಟ್ಟೆ. ಬೆರಳು ಹಿಡಿದು ಒಳಗಿನ ತಿರುಗಣೆ ತಿರುಗಿಸಿದೆ. ಅತ್ತೆ, ಇದು ಕಾಲಿನ ಮಾತು ಇಂಜಿನ್ನಿಗೆ ಹೇಳೋದು, ಮಾವ ಇಲ್ಲೇ, ಈ ಜಾಗದಲ್ಲೇ ಕಾಲು ಇಟ್ಕೊಂಡಿರ್ತಿದ್ದರು, ಇಲ್ಲೇ ಸವೆದಿದೆ ಎಂದೆ. ಪೋವಾಸಾ, ನಿನಗೂ ನೆನಪಿರಬೇಕು. ದೇಶವೆಲ್ಲ ಒಂದೇ ಬೆಳಿಗ್ಗೆ ರಸ್ತೆಯ ಎಡಕ್ಕೆ ಬಂದಾಗ ಮಾವ ಎಷ್ಟು ಹೆದರಿದ್ದರು! ಎಡಗಡೆ ಸ್ಟಿಯರಿಂಗ್, ಎದುರು ಬರುವವರು ಕಾಣುವುದಿಲ್ಲ ಎಂದು ಅವತ್ತಿನಿಂದ ಸಾಯುವವರೆಗೆ ಒಂದೇ ವೇಗ. ಹೆಚ್ಚೂ ಇಲ್ಲ, ಕಡಿಮೆಯೂ ಇಲ್ಲ. ಕೊನೆಕೊನೆಗೆ "ಇದಕ್ಕೂ ನನ್ನ ಹಾಗೇ ಕೆಮ್ಮು ಹತ್ತಿದೆ" ಎನ್ನುತ್ತಿದ್ದರಲ್ಲ, ಆಗಲೇ ಸವೆದಿತ್ತು. ಅತ್ತೆ ಆ ತಿರುಗಣೆಯನ್ನು ಅತ್ತ ಇತ್ತ ಆಡಿಸುತ್ತ ಕೂತರು. ಆಮೇಲೆ ಎದ್ದು ಕೂತು, "ಹಾಗಾದ್ರೆ ನಾನು ಹೇಳಿದ್ದೇ ಸರಿ. ಅವರೇ ಗಾಡಿ ನಿಲ್ಲಿಸ್ತಿದ್ದದ್ದು" ಎಂದರು. "ಅವರೇ ಅತ್ತೆ, ಒಪ್ಕೊಂಡೆ. ಆದರೆ ಅವರು ಆಸ್ಪತ್ರೆ ಬೇಡ ಅಂದವರಲ್ಲ, ಇಷ್ಟು ವರ್ಷ ನೀವು ಹೇಳಿದ ಕಡೆಗೆಲ್ಲ ಕರ್ಕೊಂಡು ಹೋದರಲ್ಲ, ಒಂದು ಸಲನಾದ್ರೂ ನಡುದಾರೀಲಿ ತಿರುಗಿಸಿದ್ರಾ?" ಎಂದೆ. ಅವರು ಮೂಗು ಒರೆಸಿಕೊಂಡರು. "ಸರಿ, ನಾಳೆ ಕತ್ತಲಲ್ಲೇ ಎಬ್ಬಿಸು ನನ್ನ. ನಿಧಾನಕ್ಕೆ ಹೋಗ್ಬೇಕಲ್ಲ, ಹೊತ್ತಾಗುತ್ತೆ" ಎಂದರು.

ಹೋದೆವು. ಆಸ್ಪತ್ರೆಯವರೆಗೆ ಮಾವನ ವೇಗ. ನಮ್ಮ ಹಿಂದೆ ಬಸ್ಸು, ಟ್ರಕ್ಕು, ಟ್ಯಾಕ್ಸಿಗಳ ಸಾಲು, ಹಾರ್ನಿನ ಗಲಾಟೆ. ಅತ್ತೆ ಕಿಟಕಿಯಿಂದ ಎಲ್ಲರಿಗೂ ಕೈ ಬೀಸಿದರು, ತಮ್ಮನ್ನು ಕಳಿಸಿಕೊಡಲು ಬಂದವರು ಎಂದುಕೊಂಡು. ಪರೀಕ್ಷೆ ತಪ್ಪಿಸಿಕೊಂಡದ್ದಕ್ಕೆ ನರ್ಸಿನ ಹತ್ತಿರ ನಾನು ಬೈಸಿಕೊಂಡೆ. ಅಲ್ಲೇ ಪರೀಕ್ಷೆ ಮಾಡಿ ಸಾಲಿನ ಕೊನೆಗೆ ಸೇರಿಸಿದರು. ಡಬ್ಬಿಯನ್ನು ಸೊಂಟದ ಬಟ್ಟೆಯಲ್ಲಿ ಗಂಟು ಹಾಕಿಕೊಂಡಿದ್ದರು, ಅದನ್ನು ಬಿಚ್ಚಿಸಲು ಮಾತ್ರ ಯಾರಿಂದಲೂ ಆಗಲಿಲ್ಲ. ಆಪರೇಷನ್ ಚೆನ್ನಾಗಿ ಆಯಿತು ಪೋವಾಸಾ, ಬಲಗಣ್ಣು ಉಳಿಯಿತು! ಪಟ್ಟಿ ಬಿಚ್ಚಿದ ಕೂಡಲೇ ನನ್ನನ್ನು ಮೇಲಿಂದ ಕೆಳಗೆ ನೋಡಿ, "ತಲೆ ಬಾಚ್ಕೊಳ್ದೆ ಡಾಕ್ಟರ್ ಮುಂದೆ ಬಂದಿದ್ದೀಯಲ್ಲೇ" ಎಂದರು. ಮನೆಗೆ ಬಂದು ಅಂಗಳದಲ್ಲಿ ನಿಂತು ಟ್ಯಾಂಕನ್ನೂ ಕಪೇನಿಯನ್ನೂ ಬಾರಿ ಬಾರಿಗೆ ನೋಡಿ, "ಟ್ಯಾಂಕೇ ಸಣ್ಣ" ಎಂದರು.

ಈಗ ಜಿಗುಟಿದ ವಿಷಯ. ನೀನು ಹಡಗಿನಿಂದ ಇಳಿಯುವಾಗ ಅಷ್ಟು ಜನರ ನಡುವೆ ನಿನ್ನನ್ನು ತಾವೇ ಮೊದಲು ಗುರುತಿಸಿ ಕೂಗಬೇಕಂತೆ, ಅಲ್ಲಿಯವರೆಗೆ ನಿನಗೆ ಗೊತ್ತಾಗಬಾರದಂತೆ. ಹಾಗಾಗಿ ನೀನು ಏನೂ ತಿಳಿಯದವನ ಹಾಗೆ ಇಳಿ, ಕಣ್ಣು ಬಾಯಿ ಬಿಟ್ಟು ಆಶ್ಚರ್ಯ ಪಡು. ನಿನ್ನ ನಟನೆ ಹೇಗಿರುತ್ತದೆ ಎಂದು ಗೊತ್ತು, ಈಗಿನಿಂದಲೇ ಸೇಬಿನ ಗಿಡಗಳ ಮುಂದೆ ಅಭ್ಯಾಸ ಮಾಡಿಕೋ.

ದೇವರು ನಿನ್ನ ಬೆರಳುಗಳನ್ನು ಬೆಚ್ಚಗಿಡಲಿ. ಎಲ್ಲರೂ ನಿನ್ನನ್ನು ಕೇಳಿದರೆಂದು ಬರೆಯಬೇಕು, ಆದರೆ ಎಲ್ಲರೂ ಗೊರಕೆ ಹೊಡೆಯುತ್ತಿದ್ದಾರೆ. ಹಾಗಾಗಿ ನಾನೊಬ್ಬಳೇ ಕೇಳಿದೆ ಎಂದುಕೋ.

ನಿನ್ನ ಪೆಟ್ಟಿಗೆ ಮುಟ್ಟಿದ ಹೆಂಡತಿ,
ತೆಲೇಸಿಯಾ

ಮರೆತ ಮಾತು: ಸೋಮವಾರ ಬೆಳಿಗ್ಗೆ. ಕಪೇನಿಯ ತಮ್ಮ ಬಾಗಿಲಲ್ಲಿ ನಿಂತು ಹಡಗು ತಪ್ಪುತ್ತದೆ ಎಂದು ಕುಣಿಯುತ್ತಿದ್ದಾನೆ, ಬೇಗ ಬೇಗ ಬರೆಯುತ್ತೇನೆ. ನಿನ್ನೆ ಸಂಜೆಯ ಪ್ರಾರ್ಥನೆ ಮುಗಿದ ಮೇಲೆ ಅತ್ತೆ ಗಂಟು ಬಿಚ್ಚಿ, "ಒಂದ್ಸಲ ಹಳೇದನ್ನೇ ಹಾಕೇ" ಎಂದರು. ಭಾನುವಾರ ತಿರುಪು ಮುಟ್ಟುವ ಹಾಗಿಲ್ಲ, ಇವತ್ತು ಬೆಳಕು ಹರಿಯುತ್ತಲೇ ಹಾಕಿದೆ. ತಿರುವಿನಲ್ಲಿ ಗಾಡಿ ಬಿಕ್ಕಿ ನಿಂತಿತು. ನಾನು ಇಳಿದು ಮರದ ಹತ್ತಿರ ಹೋಗಿ ನಿಂತೆ. ಅತ್ತೆ ನನ್ನ ಖಾಲಿ ಸೀಟಿನ ಕಡೆ ತಿರುಗಿ, "ನೋಡ್ರೀ, ನಂಗೆ ಕಾಣಿಸ್ತಿದೆ" ಎಂದದ್ದು ನನಗೆ ಕೇಳಿಸಿತು. ಆಮೇಲೆ ನನ್ನನ್ನು ಕರೆದು, "ಇನ್ನು ಕೋಳಿ ಕೊಟ್ಟಿದ್ದನ್ನೇ ಹಾಕ್ಬಿಡು, ಅವರಿಗೂ ವಿಶ್ರಾಂತಿ ಬೇಕು" ಎಂದರು. ಅದಕ್ಕೇ ಹೇಳುವುದು, ಗುಜರಿಯ ಮಾತು ಈ ಮನೆಯಲ್ಲಿ ಎತ್ತಬೇಡ. ಮುಂದಿನ ವರ್ಷ ಎಡಗಣ್ಣಿಗೂ ಅದೇ ಗಾಡಿಯಲ್ಲೇ ಹೋಗುತ್ತಾರಂತೆ. ಓಡಿಸುವವಳು ನಾನಂತೆ. ನೀನು ಹಿಂದಿನ ಸೀಟಿನಲ್ಲಿ ಸುಮ್ಮನೆ ಕೂತಿರಬೇಕಂತೆ.